ಮರಡಿನ ವಸತಿಸೌಧಗಳು ಮತ್ತು ಕರಾವಳಿ ಶಾಸನ

1991ನೆಯ ಫೆಬ್ರವರಿ 19ರ ಕೇಂದ್ರ ಸರ್ಕಾರದ ಪ್ರಕಟಣೆಯು ಕಡಲತಡಿಯ ಕಟ್ಟಡಗಳಿಗೆ ಮೇರೆಯನ್ನು ವಿಧಿಸಿತು. ಆ ಮೇರೆಯ ಬಲವೆಷ್ಟೆಂಬುದನ್ನು ಕೊಚ್ಚಿಯ ಸಮೀಪದ ಮರಡಿನ ನಿದರ್ಶನದಿಂದ ನಾವು ಅಳೆಯಬಹುದು.

2006ರಲ್ಲಿ ಅಲ್ಲಿನ ಪಂಚಾಯಿತಿಯು ಕರಾವಳಿ ವಲಯ ನಿರ್ವಹಣಾ ಪ್ರಾಧಿಕಾರದ ಒಪ್ಪಿಗೆಯಿಲ್ಲದೆಯೇ ಹಿನ್ನೀರಿನ ದಡದ ಹಲವು ಬಹುಮಹಡಿ ಕಟ್ಟಡಗಳಿಗೆ ಪರವಾನಗಿ ನೀಡಿತು. ಮರುವರ್ಷವೇ ಅದು ನೋಟೀಸು ಜಾರಿಮಾಡಿದರೂ ಉಚ್ಚ ನ್ಯಾಯಾಲಯದಲ್ಲಿ ನಿರ್ಮಾಪಕರ ವಾದವೇ ನಿಂತಿತು. ಪ್ರಾಧಿಕಾರದ ಮೇಲ್ಮನವಿಯನ್ನು ಪುರಸ್ಕರಿಸಿ ಸರ್ವೋಚ್ಚ ನ್ಯಾಯಾಲಯವು 2019ರ ಮೇ 8ರಂದು ಕಟ್ಟಡಗಳನ್ನು ಕೆಡವಲು ಆಜ್ಞಾಪಿಸಿತು. 2020ರ ಜನವರಿ 11 ಮತ್ತು 12ರಂದು ನಾಲ್ಕು ಸಮುಚ್ಚಯಗಳು ನೆಲಸಮವಾದವು.

ಶಾಸನವು ಗೆದ್ದಿತೆಂಬುದು ನಿಜ. ಆದರೆ ಪರವಾನಗಿಯನ್ನು ನಂಬಿ ಮನೆ ಕೊಂಡವರು ನಿರ್ವಸಿತರಾದರು. ಅವರಿಗೆ ತಲಾ 25 ಲಕ್ಷ ರೂಪಾಯಿಗಳ ಮಧ್ಯಂತರ ಪರಿಹಾರವನ್ನು ನ್ಯಾಯಾಲಯವೇ ಗೊತ್ತುಮಾಡಬೇಕಾಯಿತು. ವ್ಯಾಜ್ಯವು ಇತ್ಯರ್ಥವಾಗುವ ಮುನ್ನವೇ ಸೌಧಗಳು ಮೇಲೆದ್ದುದೇ ಈ ನಷ್ಟದ ಮೂಲವೆಂದು ನಾವು ಭಾವಿಸುತ್ತೇವೆ.