ಮಗುವಿನ ಕಸ್ಟಡಿ ಮತ್ತು ನ್ಯಾಯಾಂಗ ನಿಂದನೆ: ಜೈಲಾದರೆ ಮಗು ಸಿಗುತ್ತಾ?

ಪ್ರತಿ ಭಾನುವಾರ ಮಗುವನ್ನು ತಂದೆಯ ಬಳಿ ಕಳಿಸಬೇಕು ಅಂತ ಕೌಟುಂಬಿಕ ನ್ಯಾಯಾಲಯ ಹೇಳಿದೆ, ತಾಯಿ ಕಳಿಸಲ್ಲ. ಅಥವಾ ರಜೆಗೆ ಕರೆದೊಯ್ದ ತಂದೆ ಮಗುವನ್ನು ವಾಪಸ್ ಬಿಡಲ್ಲ. ಇದು ನ್ಯಾಯಾಂಗ ನಿಂದನೆಯೇ?

ಆಗಬಹುದು. ಕೋರ್ಟಿನ ಆದೇಶವನ್ನಾಗಲಿ, ಕೋರ್ಟಿಗೆ ಕೊಟ್ಟ ಮುಚ್ಚಳಿಕೆಯನ್ನಾಗಲಿ ಬೇಕಂತಲೇ ಮೀರಿದರೆ 1971ರ ನ್ಯಾಯಾಂಗ ನಿಂದನೆ ಕಾಯ್ದೆಯಡಿ ಅದು ಸಿವಿಲ್ ನಿಂದನೆ. 'ಬೇಕಂತಲೇ' ಅನ್ನೋದೇ ಇಲ್ಲಿ ಮುಖ್ಯ. ಮಗುವಿಗೆ ನಿಜಕ್ಕೂ ಜ್ವರವಿದ್ದರೆ ನಿಂದನೆಯಲ್ಲ. ಪ್ರತಿ ಭಾನುವಾರವೂ ಜ್ವರ ಬಂದರೆ ಮಾತು ಬೇರೆ.

ಕೆಳ ಕೋರ್ಟಿನ ಆದೇಶ ಮೀರಿದ್ದಕ್ಕೆ ಶಿಕ್ಷಿಸುವ ಅಧಿಕಾರ ಹೈಕೋರ್ಟಿಗಿದೆ. ಕಾಲಮಿತಿ ಒಂದು ವರ್ಷ. ಗರಿಷ್ಠ ಶಿಕ್ಷೆ 6 ತಿಂಗಳ ಸಾದಾ ಸಜೆ, 2,000 ರೂಪಾಯಿ ದಂಡ, ಅಥವಾ ಎರಡೂ. ಮನಃಪೂರ್ವಕ ಕ್ಷಮೆ ಕೇಳಿದರೆ ಬಿಡಲೂಬಹುದು. ಆದೇಶ ಜಾರಿ ಮಾಡಿಸಿ ಅಂತ ಕೌಟುಂಬಿಕ ನ್ಯಾಯಾಲಯವನ್ನೇ ಕೇಳುವ ದಾರಿ ಪ್ರತ್ಯೇಕವಾಗಿದೆ.

ಹಾಗಂತ ಶಿಕ್ಷೆಯೇ ಪರಿಹಾರವಲ್ಲ. 2020ರಲ್ಲಿ ಸುಪ್ರೀಂ ಕೋರ್ಟ್ ಬಾಲಕನೊಬ್ಬನ ಕಸ್ಟಡಿಯನ್ನು ಕೀನ್ಯಾದಲ್ಲಿದ್ದ ತಂದೆಗೆ ಷರತ್ತಿನ ಮೇಲೆ ಕೊಟ್ಟಿತು. ಷರತ್ತು ಮುರಿದಿದ್ದಕ್ಕೆ 2021ರಲ್ಲಿ ಆದೇಶ ಹಿಂಪಡೆಯಿತು. 2022ರಲ್ಲಿ ನಿಂದನೆಗಾಗಿ ಜೈಲು ಶಿಕ್ಷೆ ವಿಧಿಸಿತು. ಆ ಹೊತ್ತಿಗೂ ಬಾಲಕ ತಾಯಿಯ ಬಳಿ ಬಂದಿರಲಿಲ್ಲ.

ನಿಂದನೆ ಪ್ರಕರಣ ಕಾಯುವುದು ಕೋರ್ಟಿನ ಮಾತಿನ ಬೆಲೆಯನ್ನು. ಕಸ್ಟಡಿ ಪ್ರಕರಣದಲ್ಲಿ ಎಲ್ಲಕ್ಕಿಂತ ದೊಡ್ಡದು ಮಗುವಿನ ಹಿತ. ಅಪ್ಪನನ್ನೋ ಅಮ್ಮನನ್ನೋ ಜೈಲಿಗೆ ಕಳಿಸುವ ಮುನ್ನ ಕೋರ್ಟುಗಳು ಹಿಂಜರಿಯುವುದು ಅದಕ್ಕೇ. ಆ ಹಿಂಜರಿಕೆಯನ್ನೇ ಆಟವಾಡಿಸುವವರೂ ಇದ್ದಾರೆ. ಅಷ್ಟರಲ್ಲಿ ಮಗು ಬೆಳೆದುಬಿಟ್ಟಿರುತ್ತದೆ.