ಮೋಟಾರು ಅಪಘಾತ ಮತ್ತು ಪ್ರಯಾಣಿಕನ ಪರಿಹಾರದ ಹಕ್ಕು: ಒಂದು ಚಾರಿತ್ರಿಕ ವಿವೇಚನೆ

ತುಮಕೂರು ಹಲವು ದಾರಿಗಳು ಕೂಡುವ ಊರು. ಬೆಂಗಳೂರಿನಿಂದ ಪುಣೆಯತ್ತ ಸಾಗುವ ಹೆದ್ದಾರಿಯಿಂದ ಹೊನ್ನಾವರದ ದಾರಿ ಇಲ್ಲಿ ಕವಲೊಡೆದು ಗುಬ್ಬಿಯ ಮೇಲೆ ಹಾಯುತ್ತದೆ. ದಕ್ಷಿಣದ ಕುಣಿಗಲ್ ಬೆಂಗಳೂರು–ಮಂಗಳೂರು ಹೆದ್ದಾರಿಯಲ್ಲಿದೆ. ಇಂತಹ ದಾರಿಗಳಲ್ಲಿ ಗಾಯಗೊಂಡ ಪ್ರಯಾಣಿಕನಿಗೆ ಪರಿಹಾರವನ್ನು ತೆರತಕ್ಕವರು ಯಾರು ಎಂಬ ಪ್ರಶ್ನೆಗೆ ಶಾಸನವು ಕಾಲಕಾಲಕ್ಕೆ ನೀಡಿದ ಉತ್ತರವನ್ನು ನಾವಿಲ್ಲಿ ಪರಿಶೀಲಿಸುತ್ತೇವೆ.

1939ರ ಮೋಟಾರು ವಾಹನಗಳ ಅಧಿನಿಯಮದ ವಿಮಾಭಾಗವು 1946ರಲ್ಲಿ ಬ್ರಿಟಿಷ್ ಇಂಡಿಯಾದಲ್ಲಿ ಜಾರಿಗೆ ಬಂದಿತು. ಕಡ್ಡಾಯ ವಿಮೆಯ ಮುಖ್ಯ ಗುರಿ ದಾರಿಹೋಕನ ರಕ್ಷಣೆ. ವಾಹನವನ್ನು ತಾನಾಗಿ ಏರಿದವರ ಪೈಕಿ ಬಾಡಿಗೆ ಕೊಟ್ಟವರಿಗೆ ರಕ್ಷಣೆಯುಂಟು, ಉಚಿತವಾಗಿ ಕುಳಿತವರಿಗಿಲ್ಲ ಎಂಬ ಭೇದವನ್ನು ಅದು ಮಾಡಿತು. ಸರ್ವೋಚ್ಚ ನ್ಯಾಯಾಲಯವು 1977ರಲ್ಲಿ ಈ ಭೇದವನ್ನೇ ಎತ್ತಿಹಿಡಿಯಿತು.

ಟಿಕೆಟು ಪಡೆದವನ ರಕ್ಷಣೆಗೂ ಎಲ್ಲೆಯಿತ್ತು. 1956ರ ತಿದ್ದುಪಡಿಯು ಅಪಘಾತ ಪರಿಹಾರ ನ್ಯಾಯಮಂಡಳಿಗಳಿಗೆ ಅವಕಾಶ ಕಲ್ಪಿಸಿತಾದರೂ, ಬಸ್ಸಿನ ಪ್ರಯಾಣಿಕನೊಬ್ಬನ ವಿಷಯದಲ್ಲಿ ವಿಮಾ ಸಂಸ್ಥೆಯ ಶಾಸನಬದ್ಧ ಹೊಣೆ 2,000 ರೂಪಾಯಿಗೆ ಸೀಮಿತವಾಗಿತ್ತು. 1969ರ ತಿದ್ದುಪಡಿಯಿಂದ ಅದು 5,000, 1982ರ ತಿದ್ದುಪಡಿಯಿಂದ 15,000 ರೂಪಾಯಿ ಆಯಿತು. ಮಿಕ್ಕ ಹಣಕ್ಕೆ ಗಾಯಾಳು ಮಾಲೀಕನನ್ನೇ ಅರಸಬೇಕಾಗುತ್ತಿತ್ತು. ಮಾಲೀಕನು ನಿರ್ಗತಿಕನಾಗಿದ್ದರೆ ತೀರ್ಪು ಕಾಗದದಲ್ಲಿಯೇ ಉಳಿಯುವ ಸಂಭವವಿತ್ತು. 1989ರ ಜುಲೈ 1ರಂದು ಜಾರಿಗೆ ಬಂದ 1988ರ ಅಧಿನಿಯಮವು ಈ ಮಿತಿಯನ್ನು ತೊಡೆದುಹಾಕಿತು.

ಆದರೆ ತೆಂಗು ಅಡಕೆ ಬೆಳೆಯುವ ಈ ಸೀಮೆಗೆ ಇನ್ನೊಂದು ಪ್ರಶ್ನೆಯೂ ಸಂಬಂಧಿಸಿದುದು. ಸರಕಿನೊಡನೆ ಲಾರಿಯೇರಿ ಸಂತೆಗೆ ಹೋಗುವ ರೈತನ ಗತಿಯೇನು? 1994ರ ತಿದ್ದುಪಡಿಯು ಸರಕಿನ ಒಡೆಯನನ್ನೂ ಅವನ ಅಧಿಕೃತ ಪ್ರತಿನಿಧಿಯನ್ನೂ ಕಡ್ಡಾಯ ವಿಮೆಯ ರಕ್ಷಣೆಗೆ ಸೇರಿಸಿತು. ಸರಕಿಲ್ಲದೆ ಸುಮ್ಮನೆ ಹತ್ತಿದವನಿಗೂ ರಕ್ಷಣೆಯುಂಟೆಂದು 1999ರಲ್ಲಿ ಹೇಳಿದ್ದ ಸರ್ವೋಚ್ಚ ನ್ಯಾಯಾಲಯವು 2002ರಲ್ಲಿ ಆ ಅಭಿಪ್ರಾಯವನ್ನು ತಳ್ಳಿಹಾಕಿತು. 2004ರ ಮತ್ತೊಂದು ತೀರ್ಪಿನಲ್ಲಿ, ಕಾನೂನು ಅದುವರೆಗೆ ಸ್ಪಷ್ಟವಾಗಿರಲಿಲ್ಲವೆಂಬ ಕಾರಣದಿಂದ, ವಿಮಾ ಸಂಸ್ಥೆಯು ಮೊದಲು ಪರಿಹಾರವನ್ನು ತೆತ್ತು ಅನಂತರ ಮಾಲೀಕನಿಂದ ವಸೂಲು ಮಾಡಿಕೊಳ್ಳಬೇಕೆಂದು ಆದೇಶಿಸಿತು. ಗಾಯಾಳು ಬರಿಗೈಯಲ್ಲಿ ಮರಳದಂತೆ ನೋಡಿಕೊಂಡ ಮಾರ್ಗವಿದು.

1994ರ ತಿದ್ದುಪಡಿಯ ಮತ್ತೊಂದು ಅಂಶವೂ ಗಮನಾರ್ಹ. ಅದಕ್ಕೆ ಮೊದಲು ಅಪಘಾತ ನಡೆದ ಪ್ರದೇಶದ ನ್ಯಾಯಮಂಡಳಿಗೇ ಅರ್ಜಿ ಸಲ್ಲಿಸಬೇಕಾಗಿತ್ತು. ಅನಂತರ ಅರ್ಜಿದಾರನ ವಾಸಸ್ಥಳದ ನ್ಯಾಯಮಂಡಳಿಯೂ ಅದನ್ನು ವಿಚಾರಿಸಬಹುದಾಯಿತು. ದೂರದ ಊರಿನಲ್ಲಿ ಕಾಲು ಮುರಿದುಕೊಂಡ ಗುಬ್ಬಿಯವನು ನ್ಯಾಯಕ್ಕಾಗಿ ಆ ಊರಿಗೇ ಮತ್ತೆ ಅಲೆಯಬೇಕಾದ ಕಷ್ಟ ಇದರಿಂದ ತಪ್ಪಿತು.

ಒಟ್ಟಿನಲ್ಲಿ, ಈ ಶಾಸನಗಳ ಇತಿಹಾಸವು ಪ್ರಯಾಣಿಕನ ಹಕ್ಕು ಹಂತಹಂತವಾಗಿ ವಿಸ್ತರಿಸಿದ ಇತಿಹಾಸವೆಂಬುದು ಸ್ಪಷ್ಟ. ಆದರೂ ಒಂದೇ ತಿರುವಿನಲ್ಲಿ ಒಂದೇ ಬಗೆಯ ಗಾಯವಾದ ಇಬ್ಬರಲ್ಲಿ ಬಸ್ಸಿನವನಿಗೆ ವಿಮೆಯ ಆಸರೆಯುಂಟು, ಲಾರಿಯನ್ನು ಬರಿದೆ ಹತ್ತಿದವನಿಗೆ ಹಕ್ಕಾಗಿ ಅದಿಲ್ಲ. ಗಾಯವನ್ನಲ್ಲದೆ ಏರಿದ ವಾಹನವನ್ನು ನೋಡುವ 1939ರ ದೃಷ್ಟಿ ಇನ್ನೂ ಪೂರ್ತಿ ಅಳಿದಿಲ್ಲವೆಂದೇ ನಮ್ಮ ಅಭಿಪ್ರಾಯ.