ಹೊಳೆಯ ಆಚೆಗೂ ಈಚೆಗೂ ಮೈಲಾರ

ಭರತ ಹುಣ್ಣಿಮೆ ಸಮೀಪಿಸಿತೆಂದರೆ ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹರಪನಹಳ್ಳಿಗಳ ದಾರಿಗಳೆಲ್ಲ ಪಡುವಣಕ್ಕೆ ಮುಖ ಮಾಡುತ್ತವೆ. ಹಡಗಲಿ ತಾಲ್ಲೂಕಿನ ಮೈಲಾರಕ್ಕೆ, ತುಂಗಭದ್ರೆಯ ಮಗ್ಗುಲಿಗೆ, ಕಮಾನು ಕಟ್ಟಿದ ಚಕ್ಕಡಿಗಳು ಸಾಲುಗಟ್ಟಿ ಹೊರಡುತ್ತವೆ. ಎತ್ತಿನ ಹಣೆಗೂ ಮಕ್ಕಳ ಹಣೆಗೂ ಒಂದೇ ಭಂಡಾರ. ಹೆಗಲ ಮೇಲೆ ಕರಿಯ ಕಂಬಳಿ, ಬಾಯಲ್ಲಿ 'ಏಳು ಕೋಟಿ'ಯ ಘೋಷ. ಇಷ್ಟು ಜನರನ್ನು ಕರೆಯುವ ಆ ವೀರನ ಕಥೆಯನ್ನು ಕೇಳಿದರೆ ಯಾರೂ ಒಂದೇ ರೀತಿಯಲ್ಲಿ ಹೇಳುವುದಿಲ್ಲ. ಹೊಳೆ ದಾಟಿದರೆ ಕಥೆ ಬೇರೆಯಾಗುತ್ತದೆ. ಭೀಮೆಯನ್ನು ದಾಟಿದರೆ ಭಾಷೆಯೂ ಬೇರೆಯಾಗುತ್ತದೆ. ಆದರೂ ವೀರನ ಗುರುತು ತಪ್ಪುವುದಿಲ್ಲ. ಅವನು ಮತ್ತೆ ಮತ್ತೆ ಕಾಣಿಸಿಕೊಳ್ಳುವ ಈ ಬಗೆಯನ್ನು ಕುರಿತು ಕೆಲವು ಮಾತುಗಳನ್ನು ಇಲ್ಲಿ ಹೇಳಬಯಸುತ್ತೇನೆ.

ಕಥೆಯ ಎಲುಬಿನಷ್ಟು ಭಾಗ ಎಲ್ಲರಿಗೂ ತಿಳಿದದ್ದೇ. ಮಣಿ ಮತ್ತು ಮಲ್ಲ ಎಂಬ ಅಣ್ಣತಮ್ಮಂದಿರು, ದೈತ್ಯರು. ಬ್ರಹ್ಮನ ವರದಿಂದ ಕೊಬ್ಬಿ ಋಷಿಗಳ ಆಶ್ರಮಗಳನ್ನು ಹಾಳುಗೆಡವುತ್ತಾರೆ. ಋಷಿಗಳು ಇಂದ್ರನ ಬಳಿ ಹೋಗುತ್ತಾರೆ, ವಿಷ್ಣುವಿನ ಬಳಿ ಹೋಗುತ್ತಾರೆ, ಕಡೆಗೆ ಶಿವನ ಬಳಿ ಬರುತ್ತಾರೆ. ಶಿವನು ಮಾರ್ತಾಂಡ ಭೈರವನಾಗಿ ಏಳು ಕೋಟಿ ಪಡೆಯೊಡನೆ ಇಳಿದು ಬಂದು ದೈತ್ಯರನ್ನು ಸಂಹರಿಸುತ್ತಾನೆ. ಇದು ಸಂಸ್ಕೃತದ 'ಮಲ್ಲಾರಿ ಮಾಹಾತ್ಮ್ಯ'ದ ಕಥೆ. ಇಷ್ಟನ್ನೇ ಓದಿದವನಿಗೆ ಇದು ನೂರು ಸ್ಥಳಪುರಾಣಗಳಲ್ಲಿ ಒಂದು ಎನಿಸಿದರೆ ತಪ್ಪಿಲ್ಲ. ಆದರೆ ಪುರಾಣವನ್ನು ಮುಚ್ಚಿಟ್ಟು ಜಾತ್ರೆಗೆ ಹೋದವನಿಗೆ ಕಾಣುವುದು ಬೇರೆ.

ಒಂದೇ ಗೆಲುವಿನ ಹಬ್ಬವನ್ನು ಒಂದೊಂದು ಊರು ಒಂದೊಂದು ಕಾಲದಲ್ಲಿ ಆಚರಿಸುತ್ತದೆ ಎಂಬುದನ್ನೇ ಮೊದಲು ನೋಡೋಣ. ನಮ್ಮ ಮೈಲಾರದಲ್ಲಿ ಮಾಘ ಮಾಸದ ಭರತ ಹುಣ್ಣಿಮೆಯ ಸುತ್ತ. ಹೊಳೆಯಾಚೆ ರಾಣೆಬೆನ್ನೂರು ತಾಲ್ಲೂಕಿನ ದೇವರಗುಡ್ಡದಲ್ಲಿ ಅವನು ಮಾಲತೇಶ. ಅಲ್ಲಿಯ ಕಾರಣಿಕ ಮಹಾನವಮಿಗೆ. ಯಾದಗಿರಿಯ ಮೈಲಾಪುರದಲ್ಲಿ ಮಕರ ಸಂಕ್ರಾಂತಿಗೆ. ಪುಣೆಯ ಬಳಿಯ ಜೇಜುರಿಯಲ್ಲಿ ಅವನು ಖಂಡೋಬಾ, ಮಲ್ಹಾರಿ. ಅಲ್ಲಿ ಮಾರ್ಗಶಿರದ ಚಂಪಾಷಷ್ಠಿ ದೊಡ್ಡ ಹಬ್ಬ. ತೆಲಂಗಾಣದ ಕೊಮುರವೆಲ್ಲಿಯಲ್ಲಿ ಅವನು ಮಲ್ಲನ್ನ. ಸಂಕ್ರಾಂತಿಯಿಂದ ಯುಗಾದಿಯವರೆಗೂ ಜಾತ್ರೆ. ಬೀದರ ಜಿಲ್ಲೆಯ ಮೈಲಾರ, ಬೆಳಗಾವಿ ಜಿಲ್ಲೆಯ ಮಂಗಸೂಳಿ, ಓರುಗಲ್ಲಿನ ಬಳಿಯ ಐನವೋಲು, ಸಾತಾರೆಯ ಕಡೆಯ ಪಾಲಿ, ಹೀಗೆ ಹೆಸರುಗಳನ್ನು ಹೇಳುತ್ತ ಹೋಗಬಹುದು. ಯುದ್ಧ ನಿಜವಾಗಿ ನಡೆದದ್ದು ತಮ್ಮೂರ ಮರಡಿಯಲ್ಲೇ ಎಂದು ಪ್ರತಿ ಊರೂ ನಂಬುತ್ತದೆ. ಮಾಹಾತ್ಮ್ಯದಲ್ಲಿ ಬರುವ ಪ್ರೇಮಪುರ ಯಾವುದು ಎಂಬುದಕ್ಕೂ ಒಂದಕ್ಕಿಂತ ಹೆಚ್ಚು ಊರುಗಳು ಹಕ್ಕು ಹೇಳುತ್ತವೆ. ನನಗೆ ಈ ಜಗಳದಲ್ಲಿ ಯಾರ ಪಕ್ಷವನ್ನೂ ವಹಿಸುವ ಆಸೆಯಿಲ್ಲ. ಕುರಿಯ ಹಿಂಡು ಎಲ್ಲಿ ತಂಗಿತೋ ಅಲ್ಲಿ ದೇವರೂ ತಂಗಿದ್ದಾನೆ.

ಇಂದಿನ ಮಕ್ಕಳು ವಿಡಿಯೊ ಆಟಗಳಲ್ಲಿ ಕಾಣುವ ವೀರರ ಬಗ್ಗೆ ಕೇಳಿದಾಗ ನನಗೆ ಮೈಲಾರನ ನೆನಪಾದದ್ದುಂಟು. ಜಪಾನಿನ ನಿಂಟೆಂಡೊ ಸಂಸ್ಥೆ 1986ರಲ್ಲಿ ಹೊರತಂದ 'ಜೆಲ್ಡಾ' ಎಂಬ ಆಟದ ಮಾಲೆಯ ನಾಯಕ ಲಿಂಕ್ ಎಂಬ ಹುಡುಗ. ಮಾಲೆಯ ಹಲವು ಆಟಗಳಲ್ಲಿ ಅವನು ಹಿಂದಿನ ಆಟದ ಹುಡುಗನೇ ಅಲ್ಲವಂತೆ. ಬೇರೆ ಕಾಲದ ಬೇರೊಬ್ಬ. ಹೆಸರು, ಕತ್ತಿ, ಬಹುಮಟ್ಟಿಗೆ ಆ ಹಸಿರು ಅಂಗಿ, ಎದುರಿಗೆ ಅದೇ ಬಗೆಯ ವೈರಿ, ಇಷ್ಟರಿಂದಲೇ ಆಡುವವರು ಅವನನ್ನು ಗುರುತಿಸುತ್ತಾರೆ. ವ್ಯಾಪಾರದ ವೀರನಿಗೂ ಜನರ ವೀರನಿಗೂ ಅಂತರ ಬಹಳ. ಆ ಹುಡುಗನ ಅಂಗಿಯ ಬಣ್ಣವನ್ನು ಒಂದು ಕಚೇರಿ ನಿರ್ಧರಿಸುತ್ತದೆ. ಮೈಲಾರನ ಕಂಬಳಿಯನ್ನು ನಿರ್ಧರಿಸಿದವರು ಯಾರೂ ಇಲ್ಲ. ಅದು ಅವನನ್ನು ಪೂಜಿಸಿದವರ ಹೆಗಲ ಮೇಲೆ ಮೊದಲೇ ಇತ್ತು.

ಮೈಲಾರನ ಗುರುತುಗಳು ಯಾವುವು? ಭಂಡಾರ, ಎಂದರೆ ಅರಿಸಿನದ ಪುಡಿ. ಕುದುರೆ. ಖಡ್ಗ. ನಾಯಿ. ಇಬ್ಬರು ಹೆಂಡಿರು. ನಾಯಿಯ ವಿಷಯ ವಿಚಿತ್ರವಾದದ್ದು. ನಮ್ಮ ಗೊರವಯ್ಯ ಕರಡಿಯ ಕೂದಲಿನ ಟೊಪ್ಪಿಗೆಯಿಟ್ಟು, ಕವಡೆಯ ಪಟ್ಟಿ ಕಟ್ಟಿ, ಡಮರುಗ ಬಾರಿಸುತ್ತ, ಕೊಳಲೂದುತ್ತ ಬರುತ್ತಾನೆ. ದೋಣಿ ತುಂಬಿಸುವ ಸೇವೆಯಲ್ಲಿ ಭಕ್ತರು ಮರದ ದೋಣಿಗೆ ಹಾಲು, ಬಾಳೆಹಣ್ಣು ಮೊದಲಾದ ಎಡೆಯನ್ನು ಸುರಿದಾಗ ಗೊರವರು ನಾಯಿಗಳಂತೆ ಬೊಗಳುತ್ತ, ಒಬ್ಬರ ಮೇಲೊಬ್ಬರು ಬಿದ್ದು ಅದನ್ನು ತಿನ್ನುತ್ತಾರೆ. ಪೇಟೆಯವರು ಇದನ್ನು ಕಂಡು ಮುಖ ಕಿವುಚುವುದುಂಟು. ಆದರೆ ಕುರಿ ಕಾಯುವವನಿಗೆ ನಾಯಿಗಿಂತ ನಂಬಿಗಸ್ತ ಬಂಟ ಇನ್ನಾರು? ಒಡೆಯನ ಬಾಗಿಲ ನಾಯಿಯಾಗುವೆನೆಂಬ ಹರಕೆ ಅವನ ಪಾಲಿಗೆ ಅವಮಾನವಲ್ಲ. ಜೇಜುರಿಯಲ್ಲಿ ಈ ಬಂಟನ ಹೆಸರು ವಾಘ್ಯಾ, ನಮ್ಮಲ್ಲಿ ವಗ್ಗಯ್ಯ. ತೆಲಂಗಾಣದಲ್ಲಿ ಮಲ್ಲನ್ನನ ಕಥೆ ಹೇಳುವವರು ಒಗ್ಗು ಕಥೆಯವರು; ಒಗ್ಗು ಎಂದರೆ ಅದೇ ಡಮರುಗ. ಭಾಷೆ ಬೇರೆ, ಕೈಯಲ್ಲಿ ನಮ್ಮ ಗೊರವಯ್ಯನ ವಾದ್ಯವೇ.

ಭಾಷೆಯ ಮಾತು ಬಂದದ್ದರಿಂದ ಒಂದು ಸ್ವಾರಸ್ಯವನ್ನು ಹೇಳಬೇಕು. ಜೇಜುರಿಯ ಮೆಟ್ಟಿಲೇರುವ ಮರಾಠಿ ಭಕ್ತರು 'ಯೇಳಕೋಟ' ಎಂದು ಕೂಗುತ್ತಾರೆ. ಮರಾಠಿಯಲ್ಲಿ ಏಳಕ್ಕೆ 'ಸಾತ' ಎನ್ನಬೇಕು. ಅಲ್ಲಿ ಉಳಿದುಕೊಂಡಿರುವುದು ನಮ್ಮ ಕನ್ನಡದ 'ಏಳು'. ಅವರ ಖಂಡೋಬನ ಮಂತ್ರಿಯ ಹೆಸರು ಹೇಗಡಿ ಪ್ರಧಾನ. ಇದರಲ್ಲಿ ನಮ್ಮ 'ಹೆಗ್ಗಡೆ' ಅಡಗಿರುವುದನ್ನು ಕನ್ನಡಿಗರಿಗೆ ಬಿಡಿಸಿ ಹೇಳಬೇಕಾಗಿಲ್ಲ. ದೇವರು ಗಡಿ ದಾಟುವಾಗ ತನ್ನ ಲೆಕ್ಕವನ್ನೂ ತನ್ನ ಅಧಿಕಾರಿಯನ್ನೂ ಜೊತೆಗೆ ಒಯ್ದಿದ್ದಾನೆ. ಇದನ್ನು ಹೆಮ್ಮೆಯಿಂದ ಹೇಳಿಕೊಳ್ಳುವ ಕನ್ನಡಿಗರು, ಅವನನ್ನು ಕುರಿತು ಶ್ರಮಪಟ್ಟು ಬರೆದವರಲ್ಲಿ ಮರಾಠಿಯ ರಾ. ಚಿಂ. ಢೇರೆಯವರು ಮುಂಚೂಣಿಯವರು ಎಂಬುದನ್ನೂ ಮರೆಯಬಾರದು. ಅವರ 'ಖಂಡೋಬಾ' 1961ರಲ್ಲಿ ಬಂತು. ಜರ್ಮನಿಯ ಹೈಡಲ್‌ಬರ್ಗಿನ ವಿದ್ವಾಂಸ ಗುಂಥರ್ ಸೊಂಥೈಮರ್ (1934–1992) ಧನಗರ ಕುರಿಗಾಹಿಗಳ ನಡುವೆ ಓಡಾಡಿ ಈ ದೇವರ ಬೆನ್ನುಹತ್ತಿದರು.

ಇನ್ನು ಹೆಂಡಿರ ಮಾತು. ನನ್ನ ಮಟ್ಟಿಗೆ ಈ ಕಥೆಯ ಜೀವ ಇರುವುದು ದೈತ್ಯರ ಯುದ್ಧದಲ್ಲಲ್ಲ, ಇಲ್ಲಿ. ಮಹಾರಾಷ್ಟ್ರದಲ್ಲಿ ಮೊದಲ ಹೆಂಡತಿ ಮ್ಹಾಳಸಾ, ಲಿಂಗವಂತ ವರ್ತಕರ ಮನೆಯ ಮಗಳು. ಎರಡನೆಯವಳು ಬಾಣಾಯಿ, ಧನಗರರವಳು. ತೆಲುಗಿನಲ್ಲಿ ಮೊದಲನೆಯವಳು ಮೇಡಲಮ್ಮ, ಬಲಿಜರವಳು. ಎರಡನೆಯವಳು ಗೊಲ್ಲ ಕೇತಮ್ಮ. ನಮ್ಮಲ್ಲಿ ಗಂಗಿಮಾಳವ್ವ ಮತ್ತು ಕುರುಬತ್ಯವ್ವ. ಹೆಸರುಗಳು ಬದಲಾದರೂ ಏರ್ಪಾಟು ಬದಲಾಗಿಲ್ಲ. ಒಬ್ಬಳು ಮನೆಯೊಳಗಿನವಳು, ಮದುವೆಯ ಶಾಸ್ತ್ರದಿಂದ ಬಂದವಳು. ಇನ್ನೊಬ್ಬಳು ಅಡವಿಯವಳು, ಅವನೇ ಹುಡುಕಿಕೊಂಡು ಹೋದವಳು. ಮ್ಹಾಳಸೆಯೊಡನೆ ಪಗಡೆಯಾಡಿ ಸೋತ ಖಂಡೋಬಾ ಹನ್ನೆರಡು ವರ್ಷ ಮನೆ ಬಿಡಬೇಕಾಗುತ್ತದೆ. ವೇಷ ಮರೆಸಿಕೊಂಡು ಬಾಣಾಯಿಯ ತಂದೆಯ ಕುರಿ ಕಾಯುತ್ತಾನೆ. ಕುರಿಗಳನ್ನು ಕೊಂದು ಮತ್ತೆ ಬದುಕಿಸಿ ತೋರಿಸಿ ಅವಳನ್ನು ಪಡೆಯುತ್ತಾನೆ. ಇಬ್ಬರು ಸವತಿಯರ ಜಗಳ ಮರಾಠಿ ಜನಪದ ಹಾಡುಗಾರರಿಗೆ ಎಂದೂ ಬತ್ತದ ಊಟೆ.

ಸಂಸ್ಕೃತ ಮಾಹಾತ್ಮ್ಯ ಹೇಳಲು ಹೊರಟದ್ದು ದೈತ್ಯಸಂಹಾರವನ್ನು. ಅಡವಿಯ ಹುಡುಗಿಗೆ ಅಲ್ಲಿ ಕುರಿಗಾಹಿಗಳ ಹಾಡಿನಲ್ಲಿರುವ ಸ್ಥಾನವಿಲ್ಲ. ಜೇಜುರಿಯಲ್ಲಿ ಮ್ಹಾಳಸಾ ಬೆಟ್ಟದ ಮೇಲೆ ಗಂಡನೊಡನೆ ಇದ್ದಾಳೆ; ಬಾಣಾಯಿಯ ಗುಡಿ ಬೆಟ್ಟದ ನಡುದಾರಿಯಲ್ಲಿ. ಕುರಿಗಾಹಿಗಳು ಈ ಅರ್ಧ ದಾರಿಯನ್ನು ಗಮನಿಸದೆ ಇಲ್ಲ. ಅವರ ಮಟ್ಟಿಗೆ ದೇವರು ತಮ್ಮ ಅಳಿಯ. ಆ ಸಂಬಂಧವನ್ನು ತೆಗೆದುಹಾಕಿದರೆ ಉಳಿಯುವುದು ಇನ್ನೊಬ್ಬ ದೈತ್ಯಾರಿ ಮಾತ್ರ. ಇತ್ತೀಚೆಗೆ ಭಕ್ತರ ಕೈಗೆ ಬರುವ ಅಚ್ಚುಕಟ್ಟಾದ ಕಿರುಹೊತ್ತಗೆಗಳಲ್ಲಿ ಕಥೆ ಪುರಾಣದ ಒಂದೇ ಅಚ್ಚಿಗೆ ಬೀಳುತ್ತಿರುವುದನ್ನು ನೋಡಿದಾಗ ನನಗೆ ಆತಂಕವಾಗುತ್ತದೆ. ಎರಡನೆಯ ಹೆಂಡತಿ ಅಲ್ಲಿ ಒಂದು ಸಾಲಿಗೆ ಇಳಿದಿರುತ್ತಾಳೆ, ಇಲ್ಲವೇ ಇನ್ನಾವುದೋ ದೇವತೆಯ ಅವತಾರವಾಗಿ ಕುಲ ಕಳೆದುಕೊಂಡಿರುತ್ತಾಳೆ.

ಹಾಗೆಂದು ಹಳೆಯದೆಲ್ಲ ಒಳ್ಳೆಯದೆಂದು ಹೇಳುವುದು ಅನ್ಯಾಯವಾದೀತು. ದೇವರಿಗೆ ಹೆಂಡಿರ ಮೇಲೆ ಹೆಂಡಿರು ಎಂಬ ಕಲ್ಪನೆಯ ಬೆಲೆಯನ್ನು ಜೀವಂತ ಹೆಣ್ಣುಮಕ್ಕಳು ತೆತ್ತಿದ್ದಾರೆ. ಖಂಡೋಬನಿಗೆ ಬಿಟ್ಟ ಹುಡುಗಿಯರನ್ನು ಮುರಳಿಯರೆಂದು ಕರೆದರು. ಮುಂಬಯಿ ಪ್ರಾಂತದಲ್ಲಿ 1934ರಲ್ಲೂ ಕರ್ನಾಟಕದಲ್ಲಿ 1982ರಲ್ಲೂ ದೇವದಾಸಿ ಪದ್ಧತಿಯ ವಿರುದ್ಧ ಶಾಸನಗಳಾದವು. ಹರಪನಹಳ್ಳಿ, ಹಡಗಲಿ, ಕೂಡ್ಲಿಗಿಗಳ ಕಡೆಯವರಿಗೆ ಈ ಗಾಯದ ಆಳವನ್ನು ಹೊರಗಿನವರು ಹೇಳಬೇಕಾಗಿಲ್ಲ. ಅದಕ್ಕೂ ಎಂಟು ನೂರು ವರ್ಷಗಳ ಹಿಂದೆಯೇ ಮೈಲಾರನ ಭಕ್ತಿಯನ್ನು ಒಪ್ಪದವರಿದ್ದರು. ಹನ್ನೆರಡನೆಯ ಶತಮಾನದ ಜೈನಕವಿ ಬ್ರಹ್ಮಶಿವ ಮೈಲಾರನ ಹೆಸರನ್ನೆತ್ತುತ್ತಾನೆ. ವಚನಕಾರರೂ ಊರ ದೇವತೆಗಳನ್ನು ಜರೆಯುವಾಗ ಮೈಲಾರನನ್ನು ಬಿಡಲಿಲ್ಲ. ತೆಲುಗಿನ 'ಕ್ರೀಡಾಭಿರಾಮ'ದಲ್ಲಿ ಓರುಗಲ್ಲಿನ ಬೀದಿಯ ಮೈಲಾರ ವೀರಭಟರ ಎದೆ ನಡುಗಿಸುವ ಸಾಹಸಗಳ ಚಿತ್ರವಿದೆ. ಮೈಲಾರದಲ್ಲಿ ಕಂಚವೀರರ ಸರಪಳಿ ಪವಾಡವನ್ನು ಕಂಡವರಿಗೆ ಆ ಚಿತ್ರ ಅಪರಿಚಿತವೆನಿಸದು. ಬೈದವರ ಬಾಯಿಂದಲೇ ಒಬ್ಬ ದೇವರ ಪ್ರಾಚೀನತೆಗೆ ಸಾಕ್ಷಿ ಸಿಗುವುದು ಚರಿತ್ರೆಯ ಒಂದು ತಮಾಷೆ.

ಈ ವೀರನ ಸೀಮೆಯನ್ನು ರಾಜರ ಸೀಮೆಯೊಡನೆ ಹೋಲಿಸಿ ನೋಡುವುದೂ ಉಪಯುಕ್ತ. 1800ರಲ್ಲಿ ನಿಜಾಮನು ಬಳ್ಳಾರಿಯ ಪ್ರದೇಶವನ್ನು ಕಂಪನಿಗೆ ಬಿಟ್ಟುಕೊಟ್ಟ ಮೇಲೆ ಮೈಲಾರ ಮದರಾಸು ಪ್ರಾಂತದಲ್ಲಿತ್ತು. ಹೊಳೆಯಾಚೆಯ ದೇವರಗುಡ್ಡ ಮುಂದೆ ಮುಂಬಯಿ ಪ್ರಾಂತಕ್ಕೆ ಸೇರಿತು, ಜೇಜುರಿಯೂ ಅದರಲ್ಲೇ. ಬೀದರದ ಮೈಲಾರವೂ ಕೊಮುರವೆಲ್ಲಿಯೂ ನಿಜಾಮನ ರಾಜ್ಯದಲ್ಲಿ. ಡಮರುಗ ಬಾರಿಸುವ ಗೊರವರು ಮೈಸೂರು ಸಂಸ್ಥಾನದ ಹಳ್ಳಿಗಳಲ್ಲಿಯೂ ಕುಣಿಯುತ್ತಿದ್ದರು. 1953ರಲ್ಲಿ ಬಳ್ಳಾರಿ ಮೈಸೂರಿಗೆ ಸೇರಿತು, 1956ರಲ್ಲಿ ಉಳಿದ ಕನ್ನಡ ನಾಡು ಕೂಡಿತು. ಹರಪನಹಳ್ಳಿಯಂತೂ 1997ರಲ್ಲಿ ದಾವಣಗೆರೆಗೆ ಹೋಗಿ, 2018ರಲ್ಲಿ ಬಳ್ಳಾರಿಗೆ ಮರಳಿ, 2021ರಲ್ಲಿ ಹೊಸ ವಿಜಯನಗರ ಜಿಲ್ಲೆಗೆ ಬಂತು. ಭಂಡಾರದ ದಾರಿ ಮಾತ್ರ ಯಾವ ಅಧಿಸೂಚನೆಗೂ ಕಾಯಲಿಲ್ಲ. ಇಂದೂರಿನ ಹೋಳ್ಕರರ ಮೂಲಪುರುಷ ಮಲ್ಹಾರರಾವ್ (1693–1766) ಹೊತ್ತದ್ದು ಈ ದೇವರ ಹೆಸರನ್ನೇ. ಗಾಂಧೀಜಿಯೊಡನೆ 1930ರಲ್ಲಿ ದಂಡಿಗೆ ನಡೆದು, 1943ರಲ್ಲಿ ಹೊಸರಿತ್ತಿಯಲ್ಲಿ ಗುಂಡಿಗೆ ಎದೆಯೊಡ್ಡಿದ ಮೋಟೆಬೆನ್ನೂರಿನ ಮಹದೇವನ ಮನೆತನದ ಹೆಸರೂ ಮೈಲಾರ.

ಕಾರಣಿಕದ ಬಗ್ಗೆ ಹೇಳದೆ ಮೈಲಾರದ ಮಾತು ಪೂರ್ಣವಾಗದು. ಹನ್ನೊಂದು ದಿನ ಉಪವಾಸವಿದ್ದ ಗೊರವಯ್ಯ ಡೆಂಕಣ ಮರಡಿಯಲ್ಲಿ ನಿಲ್ಲಿಸಿದ ಎತ್ತರದ ಬಿಲ್ಲನ್ನು ಏರುತ್ತಾನೆ. 'ಸದ್ದಲೇ' ಎಂದು ಒಮ್ಮೆ ಗರ್ಜಿಸಿದರೆ ಲಕ್ಷಗಟ್ಟಲೆಯ ಜನ ಉಸಿರು ಬಿಗಿಹಿಡಿಯುತ್ತಾರೆ. ಆಮೇಲೆ ನಾಲ್ಕಾರು ಪದಗಳ ಒಂದು ಮಾತು, ಕಡೆಗೆ 'ಪರಾಕ್'. ಹೇಳಿದವನು ಮೇಲಿನಿಂದ ಕೆಳಗೆ ಬೀಳುತ್ತಾನೆ. ಕೆಳಗೆ ನಿಂತವರು ಹಿಡಿದುಕೊಳ್ಳುತ್ತಾರೆ. ಆ ಮಾತಿಗೆ ಅರ್ಥ ಕಟ್ಟುವ ಕೆಲಸ ಅಲ್ಲಿಂದ ಶುರು. ಚಕ್ಕಡಿಯಲ್ಲಿ ಕುಳಿತ ಹಿರಿಯರು ಅದನ್ನು ಮಳೆಗೆ, ಜೋಳಕ್ಕೆ, ಹತ್ತಿಯ ಧಾರಣೆಗೆ, ಕುರಿಯ ರೋಗಕ್ಕೆ ಅನ್ವಯಿಸಿ ಊರು ಮುಟ್ಟುವವರೆಗೂ ಚರ್ಚಿಸುತ್ತಾರೆ. ಈಗ ಟೆಲಿವಿಷನ್ನಿನವರು ಅದೇ ಸಂಜೆಗೆ ಯಾವ ಮಂತ್ರಿ ಉಳಿಯುತ್ತಾನೆ, ಯಾವ ಸರಕಾರ ಬೀಳುತ್ತದೆ ಎಂಬ ಒಂದೇ ಅರ್ಥಕ್ಕೆ ಅದನ್ನು ಇಳಿಸಿಬಿಡುತ್ತಾರೆ. ಹತ್ತು ಕಡೆ ಹರಿಯಬಲ್ಲ ಮಾತನ್ನು ಒಂದು ಕಾಲುವೆಗೆ ತಿರುಗಿಸುವ ಈ ಅವಸರ ನನಗೆ ಹಿಡಿಸದು.

ಕಾರಣಿಕ ಮುಗಿದ ಮೇಲೂ ಈ ಸೀಮೆಯ ಚಕ್ಕಡಿಗಳಿಗೆ ಬಿಡುವಿಲ್ಲ. ವಾರವೊಂದು ಕಳೆಯುತ್ತಿದ್ದಂತೆ ಕೊಟ್ಟೂರಿನಲ್ಲಿ ಗುರು ಬಸವೇಶ್ವರನ ತೇರು. ಶಿವರಾತ್ರಿಯ ಹೊತ್ತಿಗೆ ಹೊಳೆದಂಡೆಯ ಕುರುವತ್ತಿಯಲ್ಲಿ ಮಲ್ಲಿಕಾರ್ಜುನನ ಜಾತ್ರೆ, ಚಾಲುಕ್ಯರ ಕಾಲದ ಆ ಸುಂದರ ಗುಡಿಯ ಮುಂದೆ. ಕೂಡ್ಲಿಗಿಯ ಕಡೆಯ ಮ್ಯಾಸಬೇಡರು ತಮ್ಮ ದೇವರ ಎತ್ತುಗಳೊಡನೆ ತಮ್ಮದೇ ಗುಡಿಕಟ್ಟಿಗೆ ನಡೆಯುತ್ತಾರೆ. ಇತ್ತ ಗೊರವರು ಕಂಬಳಿ ಕೊಡವಿ, ಡಮರುಗ ಹೆಗಲಿಗೇರಿಸಿ, ಸುಗ್ಗಿಯ ಕಣಗಳ ಕಡೆಗೆ ಹೊರಡುತ್ತಾರೆ.